ಮನೆಮಂದಿಯ ನಡುವೆ ಸಾವನ್ನು ತಂದು ಕೂರಿಸಿದ ನಿರ್ದೇಶಕ

1982ರ ಫೆಬ್ರವರಿಯ ಒಂದು ಭಾನುವಾರ ಸ್ಪೇನಿನ ಅದೆಷ್ಟೋ ಮನೆಗಳಲ್ಲಿ ಮಕ್ಕಳು ಟೀವಿಯ ಮುಂದೆ ಕೂತು ಬಿಕ್ಕಿ ಬಿಕ್ಕಿ ಅತ್ತರು. ಧಾರಾವಾಹಿಯ ಒಬ್ಬ ಮುದುಕ ಸತ್ತಿದ್ದ. ಕಡಲಿನ ದುಡಿಮೆ ಮುಗಿಸಿ, ದಡಕ್ಕೆ ಏರಿಸಿ ನಿಲ್ಲಿಸಿದ ಹಳೇ ದೋಣಿಯನ್ನೇ ಮನೆ ಮಾಡಿಕೊಂಡು, ಅಕಾರ್ಡಿಯನ್ ನುಡಿಸುತ್ತ ಬದುಕಿದ್ದ ಆ ನಾವಿಕನ ಹೆಸರು ಚಂಕೆತೆ. ಅವನ ಸಾವಿನ ಸುದ್ದಿಯನ್ನು ಕೂಗುತ್ತ ಪಾಂಚೋ ಎಂಬ ಹುಡುಗ ಓಡುವ ದೃಶ್ಯ, ಇವತ್ತು ಐವತ್ತು ದಾಟಿದ ಸ್ಪೇನಿನವರಿಗೆ ತಮ್ಮ ಬಾಲ್ಯದ ಸ್ವಂತ ಘಟನೆಯಷ್ಟೇ ಗಟ್ಟಿಯಾಗಿ ನೆನಪಿದೆ. ಎಷ್ಟೋ ಮಕ್ಕಳಿಗೆ ಅದು ಬದುಕಿನ ಮೊದಲ ಸಾವು. ಅಜ್ಜ ಅಜ್ಜಿಯರು ಇನ್ನೂ ಇದ್ದರು. ಹೋದವನು ಚಂಕೆತೆ ಒಬ್ಬನೇ.

ಈ ಸಾವನ್ನು ಮಕ್ಕಳ ಕಾರ್ಯಕ್ರಮದ ಹೊತ್ತಿಗೆ, ಊಟ ಮುಗಿಸಿ ಇಡೀ ಕುಟುಂಬ ಒಟ್ಟಿಗೆ ಕೂರುವ ವೇಳೆಗೆ ತಂದಿಟ್ಟವರು ಆಂತೋನಿಯೋ ಮೆರ್ಸೆರೊ. ಸಿನಿಮಾ ಮತ್ತು ಟೀವಿ ಎರಡರಲ್ಲೂ ನಲವತ್ತಕ್ಕೂ ಹೆಚ್ಚು ವರ್ಷ ದುಡಿದವರು. ಸ್ಪ್ಯಾನಿಷ್ ಸಿನಿಮಾ ಎಂದೊಡನೆ ನಮ್ಮ ಫಿಲ್ಮ್ ಸೊಸೈಟಿಗಳಲ್ಲಿ ಬುನ್ಯುಯೆಲ್, ಸೌರಾ, ಅಲ್ಮೊದೋವರ್ ಹೆಸರು ಬರುತ್ತವೆ. ಮೆರ್ಸೆರೊ ಹೆಸರು ಬರುವುದಿಲ್ಲ. ಅವರ ನಾಡಿನಲ್ಲೂ ವಿಮರ್ಶಕರು ಬಹುಕಾಲ ಅವರನ್ನು ಮೃದು ಮನಸ್ಸಿನ, ಕುಟುಂಬಕ್ಕೆ ಒಪ್ಪುವ, ಹಿತವಾದ ನಿರ್ದೇಶಕ ಎಂದು ಬದಿಗಿಟ್ಟರು. ಆ ಮಾತು ಅರ್ಧ ನಿಜ. ಮೆರ್ಸೆರೊ ಹಿತವಾಗಿಯೇ ಬಾಗಿಲು ತೆರೆಯುತ್ತಾರೆ. ಒಳಗೆ ಕರೆದು ಕೂರಿಸಿದ ಮೇಲೆ ತೋರಿಸುವುದು ಸಾವು, ಒಡೆದ ಮದುವೆ, ಕತ್ತರಿಸಿದ ಕಾಲು, ಮಕ್ಕಳ ಹೆಸರನ್ನೇ ಮರೆತ ಮುದುಕ. ಜನಪ್ರಿಯ ಮಾಧ್ಯಮದಲ್ಲಿದ್ದುಕೊಂಡೇ ಇಂಥದ್ದನ್ನು ಹೇಳಿ, ಯಾರೂ ಎದ್ದು ಹೋಗದಂತೆ ನೋಡಿಕೊಂಡ ಆ ಶಕ್ತಿಗೆ ಸಿಗಬೇಕಾದ ಗೌರವ ಇನ್ನೂ ಸಿಕ್ಕಿಲ್ಲ ಎಂಬುದು ನನ್ನ ಭಾವನೆ.

ಮೆರ್ಸೆರೊ ಹುಟ್ಟಿದ್ದು 1936ರ ಮಾರ್ಚ್ 7ರಂದು, ಬಾಸ್ಕ್ ನಾಡಿನ ಗಿಪುಸ್ಕೋವಾ ಪ್ರಾಂತ್ಯದ ಲಸಾರ್ತೆ ಎಂಬಲ್ಲಿ. ನಾಲ್ಕು ತಿಂಗಳಲ್ಲಿ ಸ್ಪೇನಿನ ಅಂತರ್ಯುದ್ಧ ಆರಂಭವಾಯಿತು. ಮೂರು ವರ್ಷದ ಕೊನೆಗೆ ಗೆದ್ದ ಜನರಲ್ ಫ್ರಾಂಕೊ 1975ರಲ್ಲಿ ಸಾಯುವವರೆಗೂ ದೇಶ ಆಳಿದ. ಅಂದರೆ ಮೆರ್ಸೆರೊ ಓದಿದ್ದು, ಕೆಲಸ ಕಲಿತದ್ದು, ಮೊದಲ ಹೆಸರು ಗಳಿಸಿದ್ದು ಎಲ್ಲವೂ ಸೆನ್ಸಾರ್ ಕತ್ತರಿಯ ಕೆಳಗೆ. ವಯಾದೊಲಿದ್ ನಗರದಲ್ಲಿ ಕಾನೂನು ಓದಿದ ಅವರು ಆಮೇಲೆ ಮ್ಯಾಡ್ರಿಡ್‌ನ ಸರ್ಕಾರಿ ಸಿನಿಮಾ ಶಾಲೆ ಸೇರಿದರು. 1960ರ ದಶಕದ ಆರಂಭದಲ್ಲಿ ಕಿರುಚಿತ್ರ, ಒಂದು ಪೂರ್ಣ ಚಿತ್ರ ಮಾಡಿದರು. ಅದರಿಂದ ಹೊಟ್ಟೆ ತುಂಬುವಂತಿರಲಿಲ್ಲ. ದಾರಿ ಟೀವಿಯ ಕಡೆಗೆ ಹೊರಳಿತು.

ಆಗ ಸ್ಪೇನಿನಲ್ಲಿ ಸರ್ಕಾರಿ ಟೀವಿ ಬಿಟ್ಟರೆ ಬೇರೆ ಇರಲಿಲ್ಲ. ಅದರಲ್ಲೂ ಹೆಚ್ಚಿನವರು ನೋಡುತ್ತಿದ್ದದ್ದು ಮೊದಲ ವಾಹಿನಿಯನ್ನು ಮಾತ್ರ. ಭಾನುವಾರ ಬೆಳಿಗ್ಗೆ ದೂರದರ್ಶನ ಹಾಕಿದರೆ ಬೀದಿಯೇ ಖಾಲಿಯಾಗುತ್ತಿದ್ದ ಕಾಲವನ್ನು ಕಂಡ ನಮ್ಮವರಿಗೆ ಅದರ ಅರ್ಥ ಬಿಡಿಸಿ ಹೇಳಬೇಕಿಲ್ಲ. ಟೀವಿಯಲ್ಲಿ ಬಂದದ್ದನ್ನು ಮಂತ್ರಿಯೂ ನೋಡುತ್ತಿದ್ದ, ಮಂತ್ರಿಯ ಮನೆ ಗುಡಿಸುವವಳೂ ನೋಡುತ್ತಿದ್ದಳು.

ಮೆರ್ಸೆರೊಗೆ ಬಂದ ಮೊದಲ ದೊಡ್ಡ ಅವಕಾಶ ಅಧಿಕಾರದ ಅಂಗಳದಿಂದಲೇ ಬಂತು. ಫ್ರಾಂಕೊನ ಬಲಗೈಯಂತಿದ್ದ ಕರ್ರೇರೊ ಬ್ಲಾಂಕೊಗೆ ಒಂದು ಆಸೆಯಿತ್ತು. 1945ರಲ್ಲಿ ಹೊರಡಿಸಿದ್ದ, ಸ್ಪೇನಿನ ಪ್ರಜೆಗಳ ಹಕ್ಕು ಕರ್ತವ್ಯಗಳ ಶಾಸನವನ್ನು ಹಳ್ಳಿಯ ಜನಕ್ಕೆ ಕತೆಯ ರೂಪದಲ್ಲಿ ಮುಟ್ಟಿಸಬೇಕು. ಹಾಗೆ ಹುಟ್ಟಿದ್ದು ‘ಕ್ರೋನಿಕಾಸ್ ದೆ ಉನ್ ಪುಯೆಬ್ಲೊ’, ಅಂದರೆ ಒಂದು ಊರಿನ ವೃತ್ತಾಂತ. 1971ರಿಂದ 1974ರವರೆಗೆ ಪ್ರಸಾರವಾಯಿತು. ಊರು ಕಾಲ್ಪನಿಕ, ಚಿತ್ರೀಕರಣ ನಡೆದದ್ದು ಮ್ಯಾಡ್ರಿಡ್ ಪ್ರಾಂತ್ಯದ ಸಾಂತೋರ್ಕಾಸ್ ಎಂಬ ಹಳ್ಳಿಯಲ್ಲಿ. ಒಬ್ಬ ಮೇಷ್ಟ್ರು, ಒಬ್ಬ ಪಾದ್ರಿ, ಮೇಯರ್, ಅಂಚೆಯವ, ಬಸ್ ಓಡಿಸುವವ, ಪೊಲೀಸ್ ಹವಾಲ್ದಾರ. ಯಾರೂ ಕೆಟ್ಟವರಲ್ಲ. ಯಾವ ಜಗಳವೂ ಕಂತು ಮುಗಿಯುವ ಹೊತ್ತಿಗೆ ಉಳಿಯುವುದಿಲ್ಲ.

ಇದು ಸರ್ವಾಧಿಕಾರಿಯ ಪ್ರಚಾರಕ್ಕೆ ದುಡಿದ ಧಾರಾವಾಹಿ ಎಂಬುದನ್ನು ಮರೆಮಾಚುವುದು ತಪ್ಪು. ಹೊಲ ಬಿಟ್ಟು ಲಕ್ಷಾಂತರ ಜನ ನಗರಕ್ಕೂ ಜರ್ಮನಿಗೂ ಫ್ರಾನ್ಸಿಗೂ ಗುಳೆ ಹೋಗಿದ್ದ ಕಾಲದಲ್ಲಿ ಹಳ್ಳಿಯನ್ನು ಸ್ವರ್ಗದಂತೆ ತೋರಿಸುವುದು ಸುಳ್ಳೇ ಸರಿ. ಆದರೂ ಮೆರ್ಸೆರೊ ಇಲ್ಲಿ ತಮ್ಮ ಕಸುಬನ್ನು ಕಲಿತರು. ಮಕ್ಕಳನ್ನು ಕ್ಯಾಮೆರಾ ಮುಂದೆ ನಿಲ್ಲಿಸಿ ಮಕ್ಕಳಾಗಿಯೇ ಇರಗೊಡುವುದು, ಹತ್ತು ಜನರ ಗುಂಪಿನಲ್ಲಿ ಪ್ರತಿಯೊಬ್ಬನಿಗೂ ಒಂದು ಮುಖ ಕೊಡುವುದು, ಸಣ್ಣ ವಿಷಯವೊಂದನ್ನು ಅರ್ಧ ಗಂಟೆ ಎಳೆಯದೆ ಬೆಳೆಸುವುದು. ಈ ಮೂರೂ ಮುಂದೆ ಪದೇ ಪದೇ ಅವರ ಕೈ ಹಿಡಿದವು.

ಆ ಊರಿನ ಸುಖದ ಕತೆ ನಡೆಯುತ್ತಿದ್ದಾಗಲೇ, ಅದೇ ಸರ್ಕಾರಿ ವಾಹಿನಿಯಲ್ಲಿ, 1972ರ ಡಿಸೆಂಬರ್ 13ರ ರಾತ್ರಿ ‘ಲಾ ಕಬೀನಾ’ ಬಂತು. ಬರೀ 35 ನಿಮಿಷದ ಚಿತ್ರ. ಮೆರ್ಸೆರೊ ಜೊತೆ ಕೂತು ಬರೆದವರು ಹೋಸೆ ಲೂಯಿಸ್ ಗಾರ್ಸಿ. ಮುಂದೆ ತಮ್ಮದೇ ಚಿತ್ರದಿಂದ ಸ್ಪೇನಿಗೆ ವಿದೇಶಿ ಭಾಷಾ ವಿಭಾಗದ ಮೊದಲ ಆಸ್ಕರ್ ತಂದುಕೊಟ್ಟವರು.

ಕತೆ ಹೇಳುವುದು ಸುಲಭ. ಮ್ಯಾಡ್ರಿಡ್‌ನ ಅರಾಪಿಲೆಸ್ ಬಡಾವಣೆಯ ಒಂದು ಚೌಕಕ್ಕೆ ಬೆಳಿಗ್ಗೆ ಲಾರಿ ಬರುತ್ತದೆ. ಕೆಲಸಗಾರರು ಕೆಂಪು ಬಣ್ಣದ, ಗಾಜಿನ ಟೆಲಿಫೋನ್ ಬೂತ್ ನಿಲ್ಲಿಸಿ ಹೋಗುತ್ತಾರೆ. ಮಗನನ್ನು ಸ್ಕೂಲ್ ಬಸ್ ಹತ್ತಿಸಲು ಬಂದ ನಡುವಯಸ್ಸಿನ ಗೃಹಸ್ಥನೊಬ್ಬ, ಕೋಟು ಟೈ ಧರಿಸಿ, ಫೋನ್ ಮಾಡಲು ಒಳಗೆ ಹೋಗುತ್ತಾನೆ. ಫೋನು ಕೆಲಸ ಮಾಡುವುದಿಲ್ಲ. ಬಾಗಿಲು ತೆರೆಯುವುದಿಲ್ಲ. ದಾರಿಹೋಕರು ಎಳೆದು ನೋಡುತ್ತಾರೆ. ಕಟ್ಟುಮಸ್ತಾದ ಒಬ್ಬ ತೋಳು ಮಡಿಸಿ ಬರುತ್ತಾನೆ, ಸೋಲುತ್ತಾನೆ. ಜನ ಸೇರುತ್ತಾರೆ, ನಗುತ್ತಾರೆ, ಕುರ್ಚಿ ಹಾಕಿಕೊಂಡು ಕೂತು ನೋಡುವವರೂ ಇದ್ದಾರೆ. ಪೊಲೀಸರು, ಅಗ್ನಿಶಾಮಕ ದಳದವರು ಬರುತ್ತಾರೆ. ಇನ್ನೇನು ಗಾಜು ಒಡೆಯಬೇಕು ಎನ್ನುವಾಗ ಬೂತ್ ನಿಲ್ಲಿಸಿದ ಕೆಲಸಗಾರರೇ ವಾಪಸ್ ಬಂದು, ಬೂತನ್ನು ಅದರೊಳಗಿನ ಮನುಷ್ಯನ ಸಮೇತ ಲಾರಿಗೆ ಹೇರಿಕೊಂಡು ಹೊರಡುತ್ತಾರೆ. ಜನ ಕೈ ಬೀಸಿ ಬೀಳ್ಕೊಡುತ್ತಾರೆ. ಕೆಲಸಗಾರರು ಬಂದರಲ್ಲ, ಇನ್ನೇನು ಚಿಂತೆ ಎಂದು ಅವರ ಮನಸ್ಸು ನಿರಾಳ.

ಲಾರಿ ಊರಿಡೀ ಸುತ್ತುತ್ತದೆ. ಒಂದು ಕಡೆ ಇಂಥದ್ದೇ ಇನ್ನೊಂದು ಲಾರಿ, ಅದರ ಮೇಲೆ ಇಂಥದ್ದೇ ಬೂತ್, ಒಳಗೆ ಇನ್ನೊಬ್ಬ. ಇಬ್ಬರೂ ಗಾಜಿನಾಚೆಯಿಂದ ಒಬ್ಬರನ್ನೊಬ್ಬರು ನೋಡುತ್ತಾರೆ. ಕೊನೆಗೆ ಊರು ದಾಟಿ, ಗುಡ್ಡ ದಾಟಿ, ಸುರಂಗದೊಳಗೆ ಇಳಿಯುತ್ತಾರೆ. ಆ ಭೂಗರ್ಭದ ದೃಶ್ಯಗಳನ್ನು ಚಿತ್ರೀಕರಿಸಿದ್ದು ಪೋರ್ಚುಗಲ್ ಗಡಿಯ ಬಳಿಯ ಆಲ್ದೆಯಾದಾವಿಲ ಅಣೆಕಟ್ಟಿನ ವಿದ್ಯುದಾಗಾರದಲ್ಲಿ. ಒಳಗೆ ಸಾಲುಸಾಲು ಬೂತುಗಳು. ಪ್ರತಿಯೊಂದರಲ್ಲೂ ಒಂದು ಹೆಣ. ಮತ್ತೆ ಮ್ಯಾಡ್ರಿಡ್‌ನ ಅದೇ ಚೌಕ. ಕೆಲಸಗಾರರು ಹೊಸ ಬೂತ್ ನಿಲ್ಲಿಸುತ್ತಿದ್ದಾರೆ.

ನನ್ನನ್ನು ಪ್ರತಿ ಸಲವೂ ಹಿಡಿದು ನಿಲ್ಲಿಸುವುದು ಚಿತ್ರದ ಮೊದಲರ್ಧ. ಅದು ಹಾಸ್ಯಚಿತ್ರದಂತೆಯೇ ಇದೆ. ನಾಯಕನಾಗಿ ಮೆರ್ಸೆರೊ ಆರಿಸಿದ್ದು ಹೋಸೆ ಲೂಯಿಸ್ ಲೋಪೆಸ್ ವಾಸ್ಕೆಸ್ ಅವರನ್ನು. ಬೋಳುತಲೆ, ಸಣ್ಣ ಮೀಸೆ, ಹತ್ತಾರು ನಗೆಚಿತ್ರಗಳಿಂದ ಜನಕ್ಕೆ ಪರಿಚಿತ ಮುಖ. ಆ ಮುಖ ಕಂಡೊಡನೆ ನೋಡುವವರು ನಗಲು ಸಿದ್ಧರಾಗುತ್ತಾರೆ. ಚೌಕದಲ್ಲಿ ನೆರೆದ ಜನ ನಗುವಾಗ ಮನೆಯಲ್ಲಿ ಕೂತವರೂ ನಗುತ್ತಾರೆ. ಲಾರಿ ಹೊರಟ ಮೇಲೆ, ನಾವು ನಕ್ಕಿದ್ದು ಯಾರನ್ನು ನೋಡಿ ಎಂಬುದು ಅರಿವಿಗೆ ಬರುತ್ತದೆ. ಗುಂಪಿನಲ್ಲಿ ನಮ್ಮನ್ನೂ ಸೇರಿಸಿಕೊಂಡ ಮೇಲೆಯೇ ನಿರ್ದೇಶಕ ಕತ್ತಲೆಗೆ ಕರೆದೊಯ್ಯುತ್ತಾರೆ. ಅಲ್ಲಿಂದ ಮುಂದೆ ಮಾತು ಬಹುತೇಕ ಇಲ್ಲವೇ ಇಲ್ಲ. ಲೋಪೆಸ್ ವಾಸ್ಕೆಸ್ ಬರೀ ಕಣ್ಣಿನಲ್ಲೇ ಮುಜುಗರ, ಸಿಟ್ಟು, ಆಸೆ, ದಿಗಿಲು ಎಲ್ಲವನ್ನೂ ದಾಟಿಸುತ್ತಾರೆ.

ಸರ್ವಾಧಿಕಾರದ ದೇಶವೇ ಆ ಗಾಜಿನ ಗೂಡು ಎಂದು ಅನೇಕರು ಓದಿದರು. ಎಲ್ಲರಿಗೂ ಕಾಣುತ್ತಿದೆ, ಯಾರಿಗೂ ಕೇಳಿಸುತ್ತಿಲ್ಲ, ಸಮವಸ್ತ್ರದವರು ಬಂದು ಕರೆದೊಯ್ದರೆ ಯಾರೂ ಎಲ್ಲಿಗೆಂದು ಕೇಳುವುದಿಲ್ಲ. ಫ್ರಾಂಕೊನ ಕಾಲದ ಸ್ಪೇನಿನಲ್ಲಿ ಇದಕ್ಕೆ ಬೇರೆ ಅರ್ಥ ಹುಡುಕುವುದೇ ಕಷ್ಟ. ಮೆರ್ಸೆರೊ ಒಂದೇ ಅರ್ಥಕ್ಕೆ ಗಂಟು ಬೀಳಲಿಲ್ಲ, ನೋಡಿದವರಿಗೆ ತೋಚಿದಂತೆ ಬಿಟ್ಟರು. ಸೆನ್ಸಾರಿನವರು ಇದನ್ನು ವಿಚಿತ್ರ ಕಲ್ಪನೆಯ ಕತೆ ಎಂದುಕೊಂಡು ಬಿಟ್ಟದ್ದರಿಂದಲೇ ಅದು ಪ್ರಸಾರವಾಯಿತು. ಮರುದಿನದಿಂದ ಜನ ಬೂತಿಗೆ ಹೋದಾಗ ಬಾಗಿಲಿಗೆ ಒಂದು ಕಾಲು ಅಡ್ಡ ಇಟ್ಟುಕೊಂಡೇ ಮಾತಾಡತೊಡಗಿದರು ಎಂಬ ಮಾತು ಸ್ಪೇನಿನಲ್ಲಿ ಇಂದಿಗೂ ಚಾಲ್ತಿಯಲ್ಲಿದೆ. 1973ರಲ್ಲಿ ಚಿತ್ರಕ್ಕೆ ಅಂತಾರಾಷ್ಟ್ರೀಯ ಎಮ್ಮಿ ಪ್ರಶಸ್ತಿ ಬಂತು. ಸ್ಪೇನಿನ ಟೀವಿಗೆ ಅಂಥ ಮನ್ನಣೆ ಸಿಕ್ಕಿದ್ದು ಅದೇ ಮೊದಲು.

ಇಂಥ ಯಶಸ್ಸಿನ ನಂತರ ಭಯದ ಕತೆಗಳನ್ನೇ ಮಾಡುತ್ತ ಹೋಗಬಹುದಿತ್ತು. ಮೆರ್ಸೆರೊ ಹಾಗೆ ಮಾಡಲಿಲ್ಲ. ಮಕ್ಕಳ ಕಡೆ ಬಂದರು.

1977ರಲ್ಲಿ ಬಂದ ‘ಲಾ ಗೆರ್ರಾ ದೆ ಪಾಪಾ’, ಅಪ್ಪನ ಯುದ್ಧ, ಮಿಗೆಲ್ ದೆಲಿಬೆಸ್ ಅವರ ಕಾದಂಬರಿಯನ್ನು ಆಧರಿಸಿದ ಚಿತ್ರ. ನಾಲ್ಕು ವರ್ಷ ಇನ್ನೂ ತುಂಬದ ಕೀಕೊ ಎಂಬ ಪುಟಾಣಿಯ ಒಂದೇ ಒಂದು ದಿನ. ತಂಗಿ ಹುಟ್ಟಿದ ಮೇಲೆ ಮನೆಯಲ್ಲಿ ಅವನ ರಾಜ್ಯಭಾರ ಮುಗಿದಿದೆ. ಖಾಲಿ ಪೇಸ್ಟ್ ಟ್ಯೂಬೇ ಅವನ ಫಿರಂಗಿ. ಚಡ್ಡಿ ಒದ್ದೆ ಮಾಡಿಕೊಳ್ಳುತ್ತಾನೆ, ಮೊಳೆ ನುಂಗಿದೆ ಎಂದು ಹೇಳಿ ಮನೆಯವರ ಜೀವ ಬಾಯಿಗೆ ತರುತ್ತಾನೆ. ಅವನ ತಲೆಯ ಮೇಲಿಂದ ದೊಡ್ಡವರ ಮಾತು ಹಾದು ಹೋಗುತ್ತಿರುತ್ತದೆ. ಅಪ್ಪ ಫ್ರಾಂಕೊನ ಕಡೆ ಹೋರಾಡಿ ಗೆದ್ದವ. ಅಮ್ಮನ ತವರು ಸೋತವರ ಕಡೆ. ಯುದ್ಧ ಮುಗಿದು ಇಪ್ಪತ್ತೈದು ವರ್ಷವಾದರೂ ಊಟದ ಮೇಜಿನಲ್ಲಿ ಮುಗಿದಿಲ್ಲ. ಕ್ಯಾಮೆರಾ ಮಗುವಿನ ಎತ್ತರಕ್ಕೆ ಇಳಿದು ನಿಂತದ್ದರಿಂದ, ಗೆದ್ದವರ ಸೋತವರ ವಾದವನ್ನೆಲ್ಲ ನಾವು ಕೆಳಗಿನಿಂದ ಕೇಳುತ್ತೇವೆ. ಸ್ಪೇನ್ ನಾಲ್ಕು ದಶಕದ ಮೇಲೆ ಮೊದಲ ಮುಕ್ತ ಚುನಾವಣೆ ಕಂಡ ವರ್ಷ ಅದು. ಚಿತ್ರಮಂದಿರಗಳು ತುಂಬಿದವು. ಕೀಕೊ ಆಗಿ ನಟಿಸಿದ ಲೋಲೋ ಗಾರ್ಸಿಯಾ ದೇಶಕ್ಕೇ ಮುದ್ದಾದ. ಮರುವರ್ಷ ಅದೇ ಮಗುವಿಗೆ ರೆಕ್ಕೆ ಮೂಡಿಸಿ ಮಾಡಿದ ‘ತೋಬಿ’ಯಲ್ಲಿ ಈ ಬಿಗುವಿಲ್ಲ.

ಆಮೇಲೆ ಬಂದದ್ದು ‘ವೆರಾನೊ ಅಸೂಲ್’, ನೀಲಿ ಬೇಸಿಗೆ. ದಕ್ಷಿಣದ ಮಾಲಗಾ ಪ್ರಾಂತ್ಯದ ನೆರ್ಹಾ ಎಂಬ ಕಡಲೂರಿನಲ್ಲಿ 1979ರ ಆಗಸ್ಟ್‌ನಿಂದ 1980ರ ಡಿಸೆಂಬರ್‌ವರೆಗೆ ಚಿತ್ರೀಕರಣ. 19 ಕಂತು. 1981ರ ಅಕ್ಟೋಬರ್ 11ರಂದು ಆರಂಭ. ಬೇಸಿಗೆ ರಜೆಗೆ ಬಂದ ನಗರದ ಮಕ್ಕಳು, ಊರಿನವನೇ ಆದ ಪಾಂಚೋ, ಎಲ್ಲರ ಕೈಯಲ್ಲೂ ಸೈಕಲ್. ತಿನ್ನುವುದೇ ಕಸುಬಾದ ಪಿರಾನ್ಯಾ, ಅವನ ಜೊತೆ ಬಾಲದಂತೆ ತಿರುಗುವ ಚಿಕ್ಕ ತೀತೊ. ಒಂಟಿಯಾಗಿ ಬದುಕುವ ಚಿತ್ರಕಾರ್ತಿ ಹೂಲಿಯಾ. ದೋಣಿಯ ಚಂಕೆತೆ. ಬೆರ್ನಾವೊಲಾ ಸಂಯೋಜಿಸಿದ, ಸಿಳ್ಳೆ ಹಾಕಬಹುದಾದ ಆ ಶೀರ್ಷಿಕೆ ಸಂಗೀತ ಗೊತ್ತಿಲ್ಲದ ಸ್ಪೇನಿನವರು ಸಿಗುವುದು ಕಷ್ಟ.

ಹೊರಗಿನಿಂದ ನೋಡಿದರೆ ಈಜು, ಐಸ್‌ಕ್ರೀಂ, ಹುಸಿ ಜಗಳ. ಒಳಗೆ ಮೆರ್ಸೆರೊ ಏನೇನು ತುಂಬಿದ್ದಾರೆ ನೋಡಿ. ಹುಡುಗಿಯೊಬ್ಬಳು ದೊಡ್ಡವಳಾಗುತ್ತಾಳೆ, ಹುಡುಗರಿಗೆ ಏನೆಂದು ಅರ್ಥವಾಗುವುದಿಲ್ಲ, ಹೂಲಿಯಾ ಆ ವಿಷಯವನ್ನು ನಾಚಿಕೆಯಿಲ್ಲದೆ ಮಾತಾಡುತ್ತಾಳೆ. ಇನ್ನೊಬ್ಬಳ ತಂದೆ ತಾಯಿ ಬೇರೆಯಾಗಿದ್ದಾರೆ. ಸ್ಪೇನಿನಲ್ಲಿ ವಿಚ್ಛೇದನದ ಕಾನೂನು ಮತ್ತೆ ಬಂದದ್ದೇ 1981ರಲ್ಲಿ. ಧಾರಾವಾಹಿ ಪ್ರಸಾರಕ್ಕೆ ಕೆಲವೇ ತಿಂಗಳು ಮೊದಲು. ದೇಶದ ಸಂಸತ್ತು ಜಗಳವಾಡಿ ಮುಗಿಸಿದ ವಿಷಯವನ್ನು ಮಕ್ಕಳ ಬಾಯಲ್ಲಿ ಸರಳವಾಗಿ ಕೇಳುವ ಅವಕಾಶ ಮನೆಮನೆಗೆ ಸಿಕ್ಕಿತು. ಕಡಲತೀರವನ್ನು ಕಾಂಕ್ರೀಟ್ ನುಂಗುತ್ತಿದ್ದ ಕಾಲವದು. ಕಟ್ಟಡ ಕಟ್ಟುವವರಿಗೆ ಚಂಕೆತೆಯ ದೋಣಿ ನಿಂತ ಜಾಗ ಬೇಕಾಗುತ್ತದೆ. ಮಕ್ಕಳು ದೋಣಿಯೊಳಗೆ ಕೂತು, ಕಾರ್ಮಿಕರ ಮೆರವಣಿಗೆಗಳ ಹಳೇ ಪ್ರತಿಭಟನೆಯ ಹಾಡು ಹಾಡುತ್ತ ಜಾಗ ಬಿಡುವುದಿಲ್ಲ. ಫ್ರಾಂಕೊ ಸತ್ತು ಆರು ವರ್ಷವಷ್ಟೇ. ಅದೇ ವರ್ಷದ ಫೆಬ್ರವರಿಯಲ್ಲಿ ಸಶಸ್ತ್ರ ಸಿಪಾಯಿಗಳು ಸಂಸತ್ತಿಗೆ ನುಗ್ಗಿ ಪ್ರಜಾಪ್ರಭುತ್ವವನ್ನು ಮುಗಿಸಲು ನೋಡಿದ್ದರು. ಆ ನಾಡಿನಲ್ಲಿ ಒಟ್ಟಾಗಿ ಇಲ್ಲ ಎನ್ನುವುದನ್ನು ಮಕ್ಕಳಿಂದ ಹಾಡಿಸಿದ್ದು ಸಣ್ಣ ವಿಷಯವಲ್ಲ.

ದೋಷಗಳೂ ಇವೆ. ಕೆಲವು ಕಂತುಗಳಲ್ಲಿ ಚಂಕೆತೆ ಬುದ್ಧಿಮಾತಿನ ಮೂಟೆಯಾಗಿಬಿಡುತ್ತಾನೆ. ಸಂಗೀತ ಕಣ್ಣೀರನ್ನು ಬಲವಂತವಾಗಿ ಕರೆಯುತ್ತದೆ. ‘ಕ್ರೋನಿಕಾಸ್’ ಕಾಲದ ಮೇಷ್ಟ್ರ ನೆರಳು ಪೂರ್ತಿ ಹೋಗಿಲ್ಲ. ಆದರೆ ಚಂಕೆತೆಯ ಸಾವಿನಲ್ಲಿ ಇದ್ಯಾವುದೂ ಅಡ್ಡ ಬರುವುದಿಲ್ಲ. ಸಾವನ್ನು ಮೆರ್ಸೆರೊ ಕೊನೆಯ ಕಂತಿಗೆ ಇಡಲಿಲ್ಲ. ಅದರ ಹಿಂದಿನದರಲ್ಲಿ ಇಟ್ಟರು. ಸತ್ತ ಮೇಲೂ ಒಂದು ವಾರ ಬದುಕು ನಡೆಯಬೇಕು, ಪೆಟ್ಟಿಗೆ ಕಟ್ಟಬೇಕು, ಗೆಳೆಯರು ಒಬ್ಬೊಬ್ಬರಾಗಿ ಊರು ಬಿಡಬೇಕು. ದುಃಖದ ನಂತರದ ಆ ಖಾಲಿ ದಿನಗಳನ್ನು ಮಕ್ಕಳಿಗೆ ತೋರಿಸಿದ್ದರಲ್ಲಿ ಅವರ ವಿವೇಕವಿದೆ. ಧಾರಾವಾಹಿ ಲ್ಯಾಟಿನ್ ಅಮೆರಿಕಕ್ಕೂ, ಬಲ್ಗೇರಿಯಾದಂಥ ಪೂರ್ವ ಯುರೋಪಿನ ದೇಶಗಳಿಗೂ ಹೋಗಿ ಅಲ್ಲಿಯ ಮಕ್ಕಳನ್ನೂ ಗೆದ್ದಿತು. ನೆರ್ಹಾದಲ್ಲಿ ಈಗ ಧಾರಾವಾಹಿಯ ಹೆಸರಿನದೇ ಉದ್ಯಾನವಿದೆ, ಅದರಲ್ಲಿ ಚಂಕೆತೆಯ ದೋಣಿಯ ಪ್ರತಿಕೃತಿಯೂ ಇದೆ. ಆ ಪಾತ್ರ ಮಾಡಿದ ಆಂತೋನಿಯೋ ಫೆರಾಂದಿಸ್ ರಂಗಭೂಮಿಯ ಹಿರಿಯ ನಟ. ಗಾರ್ಸಿಯ ಆಸ್ಕರ್ ಗೆದ್ದ ಚಿತ್ರದ ನಾಯಕನೂ ಅವರೇ. ಜನ ಮಾತ್ರ ಅವರನ್ನು ಕೊನೆಯವರೆಗೂ ಚಂಕೆತೆ ಎಂದೇ ಕರೆದರು.

ಮುಂದಿನ ಹತ್ತು ವರ್ಷದ ಕೆಲಸಗಳಲ್ಲಿ ಮೂರನ್ನು ಹೆಸರಿಸುತ್ತೇನೆ. ವಕೀಲ ನೇಮಿಸಿಕೊಳ್ಳಲು ದುಡ್ಡಿಲ್ಲದವರಿಗೆ ಸರದಿಯ ಮೇಲೆ ವಾದಿಸುವ ವಕೀಲರ ಕತೆ ‘ತುರ್ನೊ ದೆ ಒಫಿಸಿಯೊ’ 1986ರಲ್ಲಿ ಬಂತು; ಕಾನೂನು ಓದಿದ್ದು ಅಲ್ಲಿ ಕೆಲಸಕ್ಕೆ ಬಂದಿರಬೇಕು. 1988ರ ‘ಎಸ್ಪೆರಾಮೆ ಎನ್ ಎಲ್ ಸಿಯೆಲೊ’ ಚಿತ್ರದಲ್ಲಿ ಫ್ರಾಂಕೊನಂತೆಯೇ ಕಾಣುವ ಅಂಗಡಿಯವನೊಬ್ಬನನ್ನು ಸರ್ಕಾರದವರು ಎತ್ತಿಕೊಂಡು ಹೋಗಿ ಸರ್ವಾಧಿಕಾರಿಯ ತದ್ರೂಪಿಯಾಗಿ ತರಬೇತಿ ಕೊಡುತ್ತಾರೆ. ಹೆಂಡತಿ ಅವನು ಸತ್ತನೆಂದು ನಂಬಿ ಆತ್ಮದ ಜೊತೆ ಮಾತಾಡಲು ಹವಣಿಸುತ್ತಾಳೆ. ಮತ್ತೆ ಅದೇ ಕತೆ: ಬೀದಿಯಲ್ಲಿದ್ದ ಮಾಮೂಲಿ ಮನುಷ್ಯ ಇದ್ದಕ್ಕಿದ್ದಂತೆ ಮಾಯವಾಗುತ್ತಾನೆ. ಈ ಸಲ ಮೆರ್ಸೆರೊ ಸರ್ವಾಧಿಕಾರಿಯ ಹೆಸರನ್ನೇ ಹೇಳಿ ನಗಿಸಬಹುದಿತ್ತು, ನಗಿಸಿದರು.

ಮೂರನೆಯದು ‘ಫಾರ್ಮಾಸಿಯಾ ದೆ ಗ್ವಾರ್ದಿಯಾ’. ಸ್ಪೇನಿನಲ್ಲಿ ಮೆಡಿಕಲ್ ಶಾಪುಗಳು ಸರದಿಯಂತೆ ರಾತ್ರಿಯಿಡೀ ತೆರೆದಿರುತ್ತವೆ. ಅಂಥದೊಂದು ಅಂಗಡಿಯ ಒಡತಿ ಲೂರ್ದೆಸ್, ಗಂಡನಿಂದ ಬೇರೆಯಾದವಳು, ಮಕ್ಕಳನ್ನು ಸಾಕುತ್ತಾಳೆ. ಚೆಲ್ಲುಸ್ವಭಾವದ ಮಾಜಿ ಗಂಡ ಆಗಾಗ ಬಂದು ಹೋಗುತ್ತಾನೆ. ಖಾಸಗಿ ಟೀವಿ ಸ್ಪೇನಿನಲ್ಲಿ ಕಣ್ಣು ಬಿಟ್ಟದ್ದು 1990ರಲ್ಲಿ. ಮರುವರ್ಷ ಆಂತೆನಾ 3 ವಾಹಿನಿಯಲ್ಲಿ ಇದು ಶುರುವಾಯಿತು. 1995ರ ಡಿಸೆಂಬರ್‌ನಲ್ಲಿ ಕೊನೆಯ ಕಂತು ಬಂದಾಗ ನಾಲ್ಕು ಕೋಟಿ ಜನಸಂಖ್ಯೆಯ ದೇಶದಲ್ಲಿ ಒಂದು ಕೋಟಿಗೂ ಹೆಚ್ಚು ಜನ ನೋಡಿದರು. ಒಂಟಿ ತಾಯಿಯ ಸಂಸಾರವೂ ಸಂಸಾರವೇ ಎಂಬುದನ್ನು ಯಾವ ಭಾಷಣವೂ ಇಲ್ಲದೆ ಜನ ಒಪ್ಪಿಕೊಂಡುಬಿಟ್ಟಿದ್ದರು.

ಅರವತ್ತು ದಾಟಿದ ಮೇಲೆ ಮೆರ್ಸೆರೊ ಹಗುರವಾದ ವಿಷಯ ಹುಡುಕಲಿಲ್ಲ. 2003ರ ‘ಪ್ಲಾಂತಾ ಕ್ವಾರ್ತಾ’ ಆಸ್ಪತ್ರೆಯ ನಾಲ್ಕನೇ ಮಹಡಿಯ ಕತೆ. ಮೂಳೆ ಕ್ಯಾನ್ಸರ್ ಬಂದ ಹದಿಹರೆಯದ ಹುಡುಗರು. ತಲೆ ಬೋಳು, ಕೆಲವರಿಗೆ ಕಾಲಿಲ್ಲ. ರಾತ್ರಿ ಗಾಲಿಕುರ್ಚಿಯಲ್ಲಿ ರೇಸ್ ಓಡಿಸುತ್ತಾರೆ, ಬ್ಯಾಸ್ಕೆಟ್‌ಬಾಲ್ ತಂಡ ಕಟ್ಟುತ್ತಾರೆ, ನರ್ಸುಗಳನ್ನು ಗೋಳು ಹೊಯ್ದುಕೊಳ್ಳುತ್ತಾರೆ. ಇದಕ್ಕೆ ಮೂಲವಾದ ನಾಟಕ ಬರೆದ ಆಲ್ಬರ್ಟ್ ಎಸ್ಪಿನೊಸಾ ಸ್ವತಃ ಹದಿನಾಲ್ಕರಲ್ಲೇ ಕ್ಯಾನ್ಸರಿಗೆ ಸಿಕ್ಕಿ ಕಾಲು ಕಳೆದುಕೊಂಡವರು. ಆ ಹುಡುಗರ ಬೈಗುಳ, ಸಿಟ್ಟು, ತುಂಟತನ ಯಾವುದನ್ನೂ ಮೆರ್ಸೆರೊ ಸೋಸಲಿಲ್ಲ. ಅನುಕಂಪವನ್ನು ಅವರ ಹತ್ತಿರ ಸುಳಿಯಗೊಡಲಿಲ್ಲ. ಈ ಚಿತ್ರಕ್ಕೆ ಮಾಂಟ್ರಿಯಲ್ ಚಿತ್ರೋತ್ಸವದಲ್ಲಿ ಅವರಿಗೆ ಶ್ರೇಷ್ಠ ನಿರ್ದೇಶಕ ಪ್ರಶಸ್ತಿ ಬಂತು.

ಕೊನೆಯ ಚಿತ್ರ 2007ರದು. ‘ಇ ತೂ ಕಿಯೆನ್ ಎರೆಸ್?’, ನೀನು ಯಾರು? ಮನೆಯವರು ಬೇಸಿಗೆ ರಜೆಗೆ ಹೋಗುವಾಗ ಅಜ್ಜನನ್ನು ವೃದ್ಧಾಶ್ರಮದಲ್ಲಿ ಬಿಡುತ್ತಾರೆ. ಪರೀಕ್ಷೆಗೆ ಓದಲು ಊರಲ್ಲೇ ಉಳಿದ ಮೊಮ್ಮಗಳು ಅವನನ್ನು ನೋಡಲು ಹೋಗುತ್ತಾಳೆ. ಅಜ್ಜನ ನೆನಪು ಚೂರುಚೂರಾಗಿ ಕಳಚುವುದನ್ನು ಕಾಣುತ್ತಾಳೆ. ಅಜ್ಜನಾಗಿ ತೊಂಬತ್ತರ ಸಮೀಪದ ಮನುಯೆಲ್ ಅಲೆಕ್ಸಾಂದ್ರೆ. ಅವನ ಕೋಣೆಯ ಜೊತೆಗಾರನಾಗಿ ಲೋಪೆಸ್ ವಾಸ್ಕೆಸ್. ‘ಲಾ ಕಬೀನಾ’ದಷ್ಟು ಬಿಗಿಯಾದ ಚಿತ್ರ ಇದಲ್ಲ, ಅಲ್ಲಲ್ಲಿ ಆರೋಗ್ಯ ಇಲಾಖೆಯ ತಿಳುವಳಿಕೆ ಚಿತ್ರದಂತಾಗುತ್ತದೆ. ಆದರೆ ಇಬ್ಬರು ಹಿರಿಯ ನಟರು ಎದುರುಬದುರು ಕೂತ ದೃಶ್ಯಗಳಲ್ಲಿ ಆ ಕೊರತೆ ಕಾಡುವುದಿಲ್ಲ. ಇದಾದ ಮೇಲೆ ಮೆರ್ಸೆರೊ ಅವರಿಗೇ ಆಲ್ಜೈಮರ್ ಬಂತು. 2010ರಲ್ಲಿ ಸ್ಪೇನಿನ ಸಿನಿಮಾ ಅಕಾಡೆಮಿ ಗೌರವ ಗೋಯಾ ಪ್ರಶಸ್ತಿ ಕೊಟ್ಟಾಗ ಅವರು ಸಮಾರಂಭಕ್ಕೆ ಬರುವ ಸ್ಥಿತಿಯಲ್ಲಿರಲಿಲ್ಲ. ಪ್ರಶಸ್ತಿಯನ್ನು ಮನೆಗೇ ಒಯ್ದು ಕೊಟ್ಟರು. ವೇದಿಕೆಯ ಮೇಲೆ ಅವರ ಪರವಾಗಿ ಅವರ ಮಕ್ಕಳು ನಿಂತು ಸ್ವೀಕರಿಸಿದರು. 2018ರ ಮೇ 12ರಂದು, 82ರ ವಯಸ್ಸಿನಲ್ಲಿ ಮ್ಯಾಡ್ರಿಡ್‌ನಲ್ಲಿ ತೀರಿಕೊಂಡರು. ಕತೆ ಹೇಳುವ ಚಟ ಮನೆಯಲ್ಲಿ ಉಳಿದಿದೆ: ಅವರದೇ ಹೆಸರಿನ ಮಗ ಆಂತೋನಿಯೋ ಮೆರ್ಸೆರೊ, ಕಾರ್ಮೆನ್ ಮೋಲಾ ಎಂಬ ಹೆಣ್ಣು ಹೆಸರಿನ ಹಿಂದೆ ಸೇರಿ ಬರೆಯುತ್ತಿದ್ದ ಮೂವರು ಗಂಡಸರಲ್ಲಿ ಒಬ್ಬರು. 2021ರಲ್ಲಿ ಪ್ಲಾನೆತಾ ಬಹುಮಾನ ಸ್ವೀಕರಿಸಲು ಮೂವರೂ ಮುಂದೆ ಬಂದಾಗ ಸ್ಪೇನಿನ ಓದುಗರೆಲ್ಲ ಬೆರಗಾದರು.

ಮೆರ್ಸೆರೊ ಅವರನ್ನು ಹೊಸದಾಗಿ ನೋಡಹೊರಡುವ ಕನ್ನಡದ ನೋಡುಗರು ‘ಲಾ ಕಬೀನಾ’ದಿಂದ ಶುರು ಮಾಡುವುದು ಒಳ್ಳೆಯದು. ಮಾತು ತೀರ ಕಡಿಮೆ; ಸ್ಪ್ಯಾನಿಷ್ ಬಾರದಿದ್ದರೂ ಏನೂ ತಪ್ಪಿಹೋಗುವುದಿಲ್ಲ. ಅದಾದ ಮೇಲೆ ಅಪ್ಪನ ಯುದ್ಧ, ಆಮೇಲೆ ನಾಲ್ಕನೇ ಮಹಡಿಯ ಹುಡುಗರು. ‘ನೀನು ಯಾರು?’ ಚಿತ್ರವನ್ನು ಕೊನೆಗೇ ಇಟ್ಟುಕೊಳ್ಳಿ. ವೃದ್ಧಾಶ್ರಮದ ಆ ಕೋಣೆಯಲ್ಲಿ ಲೋಪೆಸ್ ವಾಸ್ಕೆಸ್ ಮುಖ ಕಾಣುವಾಗ, 35 ವರ್ಷ ಹಿಂದೆ ಅದೇ ಮುಖವನ್ನು ಗಾಜಿನ ಹಿಂದೆ ನೋಡಿದ ನೆನಪು ನಿಮಗಿರಬೇಕು.